ಆರಿದ ಕುಲುಮೆಗಳಲ್ಲಿ ಒಂದಾದರೂ ಉರಿಯಲಿ

ಉಗಿಯ ಇಂಜಿನ್ನಿನ ಮಗ್ಗುಲಲ್ಲಿ ಒಮ್ಮೆಯಾದರೂ ನಿಂತು ನೋಡಿದವನಿಗೆ ರೈಲು ಓಡುವ ಬಗೆಯನ್ನು ಮತ್ತೊಬ್ಬರು ಬೋಧಿಸಬೇಕಾಗಿರಲಿಲ್ಲ. ಕುಲುಮೆಯ ಬೆಂಕಿ, ಬಾಯ್ಲರಿನ ಕುದಿನೀರು, ಉಗಿಯ ನೂಕಿಗೆ ಹಿಂದುಮುಂದಾಡುವ ಪಿಸ್ಟನ್, ಗಾಲಿಗಳನ್ನು ತಿರುಗಿಸುವ ಉಕ್ಕಿನ ತೋಳು, ಹೀಗೆ ಕಾರ್ಯಕಾರಣಗಳ ಸರಪಳಿಯೆಲ್ಲವೂ ಕಣ್ಣೆದುರಿನಲ್ಲಿಯೇ ಇದ್ದಿತು. ಫೈರ್‌ಮನ್ನನು ಕುಲುಮೆಯ ಬಾಗಿಲನ್ನು ತೆರೆದು, ಕಲ್ಲಿದ್ದಲು ಒಂದೆಡೆ ರಾಶಿಬೀಳದೆ ಮೂಲೆಮೂಲೆಗೂ ತೆಳುವಾಗಿ ಹರಡುವಂತೆ ಸಲಿಕೆಯನ್ನು ಬೀಸಿ, ಬಾಗಿಲು ಮುಚ್ಚಿದೊಡನೆಯೇ ನೀರಿನ ಮಟ್ಟವನ್ನು ತೋರುವ ಗಾಜಿನ ಕೊಳವೆಯತ್ತ ದೃಷ್ಟಿ ಹಾಯಿಸುತ್ತಿದ್ದನು. ಆ ಮಟ್ಟ ತಗ್ಗಿದರೆ ಬಾಯ್ಲರಿಗೂ ಅವನ ಪ್ರಾಣಕ್ಕೂ ಅಪಾಯವಿದ್ದಿತು.

1950ರಲ್ಲಿ ಚಿತ್ತರಂಜನ್ ಕಾರ್ಖಾನೆಯು ಉಗಿಯ ಇಂಜಿನ್ನುಗಳನ್ನು ಕಟ್ಟತೊಡಗಿತು. 1964ರಲ್ಲಿ ವಾರಾಣಸಿಯಿಂದ ಡೀಸೆಲ್ ಇಂಜಿನ್ನು ಹೊರಬಿತ್ತು. 1995ರ ಕೊನೆಯ ವೇಳೆಗೆ ಬ್ರಾಡ್‌ಗೇಜ್ ಹಳಿಗಳ ಮೇಲೆ ಉಗಿಯ ನಿತ್ಯಸಂಚಾರವು ಮುಗಿದುಹೋಯಿತು. ಈ ಪರಿವರ್ತನೆಗಾಗಿ ಶೋಕಿಸುವುದು ಉಚಿತವಲ್ಲ. ಸುಟ್ಟ ಕಲ್ಲಿದ್ದಲಿನ ಶಾಖದಲ್ಲಿ ಹತ್ತನೆಯ ಒಂದು ಪಾಲನ್ನೂ ಚಲನೆಯಾಗಿಸಲಾರದೆ ಉಳಿದುದನ್ನು ಆಕಾಶಕ್ಕೆ ಚೆಲ್ಲುತ್ತಿದ್ದ ಆ ಯಂತ್ರವೆಲ್ಲಿ, ತಲೆಯ ಮೇಲಿನ ತಂತಿಯಿಂದ 25,000 ವೋಲ್ಟಿನ ವಿದ್ಯುತ್ತನ್ನು ಪಡೆದು, ಇಳಿಜಾರಿನಲ್ಲಿ ವೇಗವನ್ನು ತಡೆಯುವಾಗ ತನ್ನ ಮೋಟಾರುಗಳನ್ನೇ ಜನಕಯಂತ್ರಗಳನ್ನಾಗಿಸಿ ವಿದ್ಯುತ್ತನ್ನು ಅದೇ ತಂತಿಗೆ ಮರಳಿಸುವ ಇಂದಿನ ಇಂಜಿನ್ನೆಲ್ಲಿ! ಕುಲುಮೆಯ ಝಳದಲ್ಲಿ ಮೈ ಬೇಯಿಸಿಕೊಂಡು ದುಡಿದವರ ಮಕ್ಕಳು ಆ ದುಡಿಮೆಯಿಂದ ಬಿಡುಗಡೆ ಪಡೆದುದೂ ಸಣ್ಣ ಲಾಭವಲ್ಲ.

ಆದರೆ ಹೊಸ ಯಂತ್ರದ ಜಾಣ್ಮೆಯೆಲ್ಲವೂ ಮುಚ್ಚಿದ ಪೆಟ್ಟಿಗೆಗಳೊಳಗೆ ಅಡಗಿದೆ. ಮಗುವಿನ ಕಣ್ಣಿಗೆ ಅಲ್ಲಿ ಹಿಡಿತ ಸಿಕ್ಕದು. ಆದುದರಿಂದಲೇ ಹಳೆಯದನ್ನು ಉಳಿಸಿಕೊಳ್ಳತಕ್ಕದ್ದು. ನಿಲ್ದಾಣದ ಅಂಗಳದಲ್ಲಿ ಬಣ್ಣ ಬಳಿದು ನಿಲ್ಲಿಸಿದ ವಿಗ್ರಹವಾಗಿ ಅಲ್ಲ, ಉಸಿರಾಡುವ ಯಂತ್ರವಾಗಿ. ಹರಿಯಾಣದ ರೇವಾಡಿಯ ಶೆಡ್ಡಿನಲ್ಲಿ ಅಂತಹ ಇಂಜಿನ್ನುಗಳನ್ನು ಇಂದಿಗೂ ಓಡುವ ಸ್ಥಿತಿಯಲ್ಲಿ ಪೋಷಿಸಲಾಗುತ್ತಿದೆ. 1979ರಲ್ಲಿ ಸ್ಥಾಪಿತವಾದ ಮೈಸೂರಿನ ರೈಲು ವಸ್ತುಸಂಗ್ರಹಾಲಯದಲ್ಲಿಯಾದರೋ ಮಕ್ಕಳು ಮುಟ್ಟುವುದು ತಣ್ಣನೆಯ ಕಬ್ಬಿಣವನ್ನು.

ಮೈಸೂರಿನಲ್ಲಿ ಅರ್ಧ ಮೈಲಿಯ ಮೀಟರ್‌ಗೇಜ್ ಹಳಿಯನ್ನು ಹಾಸಿ, ಒಂದೇ ಒಂದು ಇಂಜಿನ್ನಿಗೆ ಮರಳಿ ಬೆಂಕಿಯಿಕ್ಕಬೇಕು. ವಿದ್ಯುದೀಕರಣದಿಂದಾಗಿ ಇದೀಗ ನಿವೃತ್ತವಾಗುತ್ತಿರುವ ಹಳೆಯ ಡೀಸೆಲ್ ಇಂಜಿನ್ನುಗಳಲ್ಲಿಯೂ ಒಂದನ್ನು, ಗುಜರಿಗೆ ಹೋಗುವ ಮುನ್ನವೇ, ಅದರ ಜೊತೆಗಿರಿಸಬೇಕು. ಬಿಡಿಭಾಗಗಳನ್ನು ಕಾರ್ಖಾನೆಯಲ್ಲಿ ಮತ್ತೆ ಎರಕ ಹೊಯ್ಯಬಹುದು. ಸಲಿಕೆ ಬೀಸುವ ಮಣಿಕಟ್ಟಿನ ವಿದ್ಯೆಯನ್ನು ಹಾಗೆ ಹೊಯ್ಯಲಾಗದು. ಅದನ್ನು ಬಲ್ಲ ಕೈಗಳು ಈಗ ಮುಪ್ಪಾಗಿವೆ. ಅವು ಇರುವಾಗಲೇ ಈ ಕಾರ್ಯವಾಗಲಿ.