ಟ್ರಿನಿಟಿಯ ಗಂಟಲು ಯಾರದು?

ಗೆಳೆಯರೇ, ಒಂದು ಪಂದ್ಯ ಕಟ್ಟೋಣವೇ? ಮನೆಗೆ ಹೋಗಿ ನಿಮ್ಮ ಚಿಕ್ಕಪ್ಪನನ್ನೋ, ಸೋದರಮಾವನನ್ನೋ "ಟೆರೆನ್ಸ್ ಹಿಲ್ ಗೊತ್ತಾ?" ಅಂತ ಕೇಳಿ. "ಗೊತ್ತಿಲ್ಲದೆ ಏನೋ! ನೀಲಿ ಕಣ್ಣು, ಧೂಳು ಮೆತ್ತಿದ ಅಂಗಿ, ಕಪಾಳಕ್ಕೆ ಕೊಟ್ಟರೆ ಎದುರಾಳಿ ಗಿರಗಿರ..." ಅಂತ ಮುಖ ಅರಳದಿದ್ದರೆ ನನ್ನ ಲೆಕ್ಕದಲ್ಲಿ ಒಂದು ಬೈಟೂ ಕಾಫಿ!

"ಯಾವ ದೇಶದವನು?" ಅಂತಲೂ ಕೇಳಿ. "ಅಮೆರಿಕಾ" ಅಂದಾರು. ತಪ್ಪು ಅವರದಲ್ಲ. ಮಾರ್ನಿಂಗ್ ಶೋಗೆ ಕದ್ದು ಹೋಗಿ, ಮುಂದಿನ ಬೆಂಚಿನಲ್ಲಿ ಕೂತು ಶಿಳ್ಳೆ ಹೊಡೆದ ನಾನೂ ಬಹುಕಾಲ ಹಾಗೇ ನಂಬಿದ್ದೆ.

ಅಸಲಿ ಹೆಸರು ಮಾರಿಯೋ ಜಿರೋತ್ತಿ. ಹುಟ್ಟಿದ್ದು 1939ರಲ್ಲಿ, ವೆನಿಸ್ ನಗರದಲ್ಲಿ. ಅಪ್ಪ ಇಟಲಿಯವ, ಅಮ್ಮ ಜರ್ಮನಿಯವಳು. ಹನ್ನೆರಡರ ಹುಡುಗ ಈಜು ಸ್ಪರ್ಧೆಯಲ್ಲಿದ್ದಾಗ ಡೈರೆಕ್ಟರ್ ದೀನೋ ರೀಸಿ ಕಣ್ಣಿಗೆ ಬಿದ್ದ, ಬಣ್ಣ ಹಚ್ಚಿದ. ಅಲ್ಲಿಂದ ನೇರ ಸ್ಟಾರ್ ಆದ ಅಂದುಕೊಂಡಿರಾ? ಎಲ್ಲಿ ಬಂತು! ಹದಿನೈದು ವರ್ಷಕ್ಕೂ ಮೇಲೆ ಸಿಕ್ಕಿದ ಪಾತ್ರವೆಲ್ಲ ಮಾಡಿದ. 1963ರಲ್ಲಿ ವಿಸ್ಕೋಂತಿಯಂಥ ಮಹಾಶಯರ 'ಇಲ್ ಗತ್ತೋಪಾರ್ದೊ'ದಲ್ಲಿ ಒಬ್ಬ ಕೌಂಟ್ ಆದ. ಆದರೆ ಆಲನ್ ಡೆಲೋನ್ ಇದ್ದ ಚಿತ್ರದಲ್ಲಿ ಇವನನ್ನು ಯಾರು ನೋಡಬೇಕು? ಆಮೇಲೆ ಜರ್ಮನಿಗೆ ಹೋಗಿ ಅಲ್ಲಿಯ ಕೌಬಾಯ್ ಚಿತ್ರಗಳಲ್ಲೂ ಕುದುರೆ ಹತ್ತಿ ಬಂದ.

1967ರಲ್ಲಿ ಅದೃಷ್ಟ ಬಂದದ್ದು ಇನ್ನೊಬ್ಬನ ಕಾಲಿನಿಂದ! 'ದಿಯೋ ಪೆರ್ದೋನಾ... ಇಯೋ ನೋ' ಚಿತ್ರಕ್ಕೆ ಗೊತ್ತಾಗಿದ್ದ ಹೀರೋ ಕಾಲಿಗೆ ಪೆಟ್ಟು ಮಾಡಿಕೊಂಡ, ಜಾಗ ಮಾರಿಯೋಗೆ ಸಿಕ್ಕಿತು. ಇಟಲಿ ಹೆಸರಿದ್ದರೆ ಕೌಬಾಯ್ ಚಿತ್ರ ಓಡದು ಎಂಬುದು ಆ ಕಾಲದ ಗಾಂಧಿನಗರ ಲೆಕ್ಕಾಚಾರ. ಒಂದು ಪಟ್ಟಿ ಕೊಟ್ಟು "ಹೆಸರು ಆರಿಸಿಕೋ" ಅಂದರು. ಜೊತೆಗಾರ ಕಾರ್ಲೋ ಪೆದೆರ್ಸೋಲಿ ಎರಡು ಒಲಿಂಪಿಕ್ಸ್ ಈಜಿದ ಆಸಾಮಿ. ಆತ ಬಡ್‌ವೈಸರ್ ಬಿಯರಿನಿಂದ ಅರ್ಧ, ಸ್ಪೆನ್ಸರ್ ಟ್ರೇಸಿಯಿಂದ ಅರ್ಧ ಕಿತ್ತುಕೊಂಡು ಬಡ್ ಸ್ಪೆನ್ಸರ್ ಆದ. 1970ರ 'ಲೋ ಕ್ಯಾಮವಾನೋ ತ್ರಿನಿತಾ' ಬಂದ ಮೇಲೆ ಕೇಳಬೇಕೆ? ಬಾಣಲೆ ತುಂಬ ಬೀನ್ಸ್ ಕಾಳು ಗಬಗಬ ತಿಂದವನೇ ಹೀರೋ! ಮರುವರ್ಷದ ಎರಡನೇ ಭಾಗಕ್ಕೆ ಇಟಲಿ ಟಾಕೀಸುಗಳಲ್ಲಿ ಜನವೋ ಜನ.

ಈಗ ನನ್ನನ್ನು ಕಾಡಿದ ಸಂಗತಿ. ಇಟಲಿಯಲ್ಲಿ ಶೂಟಿಂಗ್ ಒಂದು ಕಡೆ, ಮಾತು ಇನ್ನೊಂದು ಕಡೆ. ಸೆಟ್ಟಿನಲ್ಲಿ ಯಾರು ಯಾವ ಭಾಷೆಯಲ್ಲಿ ಮಾತಾಡಿದರೂ ನಡೆಯುತ್ತಿತ್ತು. ಆಮೇಲೆ ಸ್ಟುಡಿಯೋದಲ್ಲಿ ಡಬ್ಬಿಂಗ್ ಕಲಾವಿದರು ಕೂತು ಮಾತು ತುಂಬುತ್ತಿದ್ದರು. ಟ್ರಿನಿಟಿ ಬಾಯಿ ಬಿಟ್ಟಾಗ ಇಟಲಿಯ ಜನ ಕೇಳಿದ್ದು ಪೀನೋ ಲೋಕ್ಕಿಯ ಕಂಠ! ಜೇಮ್ಸ್ ಬಾಂಡ್ ಶಾನ್ ಕಾನರಿಗೂ ಅದೇ ಕಂಠ. ಬಡ್ ಸ್ಪೆನ್ಸರ್‌ಗೆ ಗ್ಲೌಕೋ ಒನೊರಾತೋ. ಹೆಸರು ಪಟ್ಟಿಯದು, ದನಿ ಪರರದು. ತನ್ನದು ಅಂತ ಉಳಿದದ್ದು ಆ ನೀಲಿ ಕಣ್ಣು ಮಾತ್ರ. ನನಗಂತೂ ಹೊಟ್ಟೆಯಲ್ಲಿ ಏನೋ ಕಿವುಚಿದಂತಾಯಿತು. ನೀವಾಗಿದ್ದರೆ ಸುಮ್ಮನಿರುತ್ತಿದ್ದಿರಾ?

ಕೌಬಾಯ್ ಕಾಲ ಮುಗಿಯಿತು. 1990ರಲ್ಲಿ ದತ್ತುಮಗ ಅಪಘಾತದಲ್ಲಿ ಹೋದ. ಅದರ ಬಗ್ಗೆ ಹೆಚ್ಚು ಬರೆಯಲಾರೆ. ಅರವತ್ತು ದಾಟಿದವ 2000ದ ಜನವರಿಯಲ್ಲಿ ಟೀವಿಗೆ ಬಂದ, 'ಡಾನ್ ಮತ್ತೇಯೋ' ಆಗಿ. ಗುಬ್ಬಿಯೋ ಎಂಬ ಬೆಟ್ಟದೂರಿನ ಪಾದ್ರಿ, ಸೈಕಲ್ ಮೇಲೆ ಸುತ್ತಿ ಕೊಲೆ ಕೇಸು ಬಿಡಿಸುವವ. ಪಿಸ್ತೂಲಿಲ್ಲ. ಹೊಡೆದಾಟಕ್ಕೆ ಅಲ್ಲಿ ಕೆಲಸವಿಲ್ಲ. ಮತ್ತು ಕೇಳಿ, ಇಲ್ಲಿ ಮಾತು ಅವನದೇ! 2022ರಲ್ಲಿ ಬಿಟ್ಟಾಗ ಆತನಿಗೆ ಎಂಬತ್ತಮೂರು. ನಡುವೆ 2016ರಲ್ಲಿ ಬಡ್ ತೀರಿಕೊಂಡ. 2018ರಲ್ಲಿ ತಾನೇ ನಿರ್ದೇಶಿಸಿದ ಚಿತ್ರವನ್ನು ಹಳೇ ದೋಸ್ತಿಗೆ ಅರ್ಪಿಸಿದ.

ಈಚೆಗೆ ಆ ಪಾದ್ರಿಯ ಒಂದು ಕಂತು ನೋಡಿದೆ. ನನಗೆ ಇಟಾಲಿಯನ್ ಒಂದಕ್ಷರ ಬಾರದು. ಸಣ್ಣ, ಮೆತ್ತನೆ ದನಿ. ಎದುರಿಗಿದ್ದವ ಸುಳ್ಳು ಹೇಳುತ್ತಿದ್ದಾನೆ ಅಂತ ಮುಖ ನೋಡಿದರೇ ತಿಳಿಯುತ್ತಿತ್ತು. "ಈಗ ಬಿತ್ತು ನೋಡು ಕಪಾಳಕ್ಕೆ!" ಅಂತ ಕುರ್ಚಿ ತುದಿಗೆ ಬಂದು ಕಾದೆ. ಬೀಳಲಿಲ್ಲ. ಅವನ ಹೆಗಲ ಮೇಲೆ ಕೈಯಿಟ್ಟು ಏನೋ ಹೇಳಿ, ಸೈಕಲ್ ಹತ್ತಿ ಹೊರಟೇಬಿಟ್ಟ.