ಆಟವನ್ನು ಕೇಳುವ ಅಭ್ಯಾಸ

‘ದೇಶ ಸುತ್ತಿ ನೋಡು, ಕೋಶ ಓದಿ ನೋಡು’ ಎಂದು ನಮ್ಮ ಹಿರಿಯರು ಹೇಳಿದ್ದಾರೆ. ಆದರೆ ದೇಶ ಸುತ್ತಲು ಎಲ್ಲರಲ್ಲಿಯೂ ಹಣವಿಲ್ಲ. ಕೋಶ ಓದಲು ಎಲ್ಲರಿಗೂ ಬಿಡುವಿಲ್ಲ. ಕೈ ದುಡಿಯುತ್ತಿರುವಾಗ, ಕಣ್ಣು ಕೆಲಸದ ಮೇಲಿರುವಾಗ, ಮನುಷ್ಯನಲ್ಲಿ ತೆರೆದೇ ಇರುವ ಬಾಗಿಲು ಒಂದೇ. ಅದು ಕಿವಿ. ಆ ಬಾಗಿಲಿನಿಂದ ಆಟದ ಮೈದಾನವನ್ನು ಮನೆಯೊಳಗೆ ತರುವ ರೇಡಿಯೋ ವೀಕ್ಷಕ ವಿವರಣೆಯ ವಿಷಯವಾಗಿ, ಅದರಲ್ಲಿಯೂ ಶಾಲಾ ಕಾಲೇಜುಗಳ ಪಂದ್ಯಗಳ ವಿವರಣೆಯ ವಿಷಯವಾಗಿ, ನಮ್ಮ ಅಭಿಪ್ರಾಯವನ್ನು ವಿದ್ಯಾರ್ಥಿ ಮಿತ್ರರ ಮತ್ತು ಪಾಲಕರ ಮುಂದೆ ಇಡಬಯಸುತ್ತೇವೆ.

ಮೋತಿ ಡೊಂಗರ್‌ನಲ್ಲಿ ವಾಸಿಸುವ ಕನ್ನಡ ಮನೆಗಳ ದಿನಚರಿ ನಮ್ಮೆಲ್ಲರಿಗೂ ತಿಳಿದದ್ದೇ. ವಿಜಯಪುರ, ಬಾಗಲಕೋಟೆ, ಗದಗ, ಹಾವೇರಿ, ಕೊಪ್ಪಳದ ಕಡೆಯಿಂದ ಹೊಟ್ಟೆಪಾಡಿಗಾಗಿ ಬಂದವರು ಬೆಳಗಾಗುತ್ತಲೇ ಗುಡ್ಡ ಇಳಿಯುತ್ತಾರೆ. ಒಬ್ಬರು ಗೌಂಡಿ ಕೆಲಸಕ್ಕೆ, ಒಬ್ಬರು ಮಡಗಾಂವ್ ಪೇಟೆಗೆ ಕಾಯಿಪಲ್ಲೆ ಮಾರಲು, ಇನ್ನೊಬ್ಬರು ನಾಲ್ಕು ಮನೆಯ ಪಾತ್ರೆ ತಿಕ್ಕಲು. ಶಾಲೆಗಳ ನಡುವಿನ ಪಂದ್ಯ ನಡೆಯುವುದು ಸಾಮಾನ್ಯವಾಗಿ ಕೆಲಸದ ದಿನ, ಕೆಲಸದ ಹೊತ್ತಿನಲ್ಲಿ. ಮಗಳು ಖೋಖೋ ಆಡುವುದನ್ನು ನೋಡಲು ಹೋದರೆ ತಾಯಿಗೆ ಅಂದಿನ ಕೂಲಿ ಹೋಯಿತು. ಆದ್ದರಿಂದ ಸಂಜೆ ‘ಏನಾತವ್ವಾ?’ ಎಂದು ಕೇಳುತ್ತಾಳೆ. ‘ಗೆದ್ದಿವಿ’ ಅಥವಾ ‘ಸೋತಿವಿ’ ಎಂಬ ಒಂದೇ ಮಾತಿನಲ್ಲಿ ಇಡೀ ಆಟ ಮುಗಿದುಹೋಗುತ್ತದೆ. ಮಗಳ ಜೀವನದ ಒಂದು ದೊಡ್ಡ ದಿನವನ್ನು ತಾಯಿ ಕಾಣಲೂ ಇಲ್ಲ, ಕೇಳಲೂ ಇಲ್ಲ. ಇದು ಸಣ್ಣ ನಷ್ಟವೆಂದು ನಮಗೆ ಅನಿಸುವುದಿಲ್ಲ.

ಈ ನಷ್ಟವನ್ನು ತುಂಬಿಕೊಳ್ಳುವ ದಾರಿಯನ್ನು ದೂರದ ಒಂದು ನಾಡು ತೋರಿಸಿದೆ. ಬ್ಯಾಸ್ಕೆಟ್‌ಬಾಲ್ ಆಟ ಹುಟ್ಟಿದ್ದೇ ವಿದ್ಯಾಲಯದಲ್ಲಿ. 1891ರ ಡಿಸೆಂಬರಿನಲ್ಲಿ ಅಮೆರಿಕದ ಸ್ಪ್ರಿಂಗ್‌ಫೀಲ್ಡ್ ಎಂಬ ಊರಿನಲ್ಲಿ ಜೇಮ್ಸ್ ನೈಸ್ಮಿತ್ ಎಂಬ ವ್ಯಾಯಾಮ ಶಿಕ್ಷಕರು, ಚಳಿಗಾಲದಲ್ಲಿ ಹೊರಗೆ ಆಡಲಾಗದ ವಿದ್ಯಾರ್ಥಿಗಳಿಗೆಂದು 13 ನಿಯಮಗಳನ್ನು ಬರೆದು, ಹಣ್ಣಿನ ಎರಡು ಬುಟ್ಟಿಗಳನ್ನು 10 ಅಡಿ ಎತ್ತರದಲ್ಲಿ ಮೊಳೆ ಹೊಡೆದು ತೂಗಿಸಿದರು. ಆ ಆಟ ಅಲ್ಲಿ ಕಾಲೇಜುಗಳ ಹೆಮ್ಮೆಯಾಗಿ ಬೆಳೆಯಿತು. ರೇಡಿಯೋ ಬಂದ ಮೇಲೆ ಕಾಲೇಜು ಪಂದ್ಯಗಳು ಊರೂರಿನ ಮನೆಗಳನ್ನು ತಲುಪಿದವು.

ಆ ದೇಶದ ಕೆಂಟಕಿ ರಾಜ್ಯದ ಉದಾಹರಣೆಯನ್ನೇ ನೋಡಿರಿ. ಅಲ್ಲಿಯ ಪೂರ್ವ ಭಾಗ ಬೆಟ್ಟಗುಡ್ಡಗಳ ನಾಡು. ಕಲ್ಲಿದ್ದಲು ಗಣಿಗಳ ನಾಡು. ಅಲ್ಲಿಯ ಹಾರ್ಲನ್ ಪ್ರದೇಶದಲ್ಲಿ ಹುಟ್ಟಿದ ಕೇವುಡ್ ಲೆಡ್‌ಫರ್ಡ್ ಎಂಬವರು 1953ರಿಂದ 1992ರವರೆಗೆ, 39 ವರ್ಷಗಳ ಕಾಲ, ಕೆಂಟಕಿ ವಿಶ್ವವಿದ್ಯಾಲಯದ ತಂಡದ ಬ್ಯಾಸ್ಕೆಟ್‌ಬಾಲ್ ಪಂದ್ಯಗಳನ್ನು ರೇಡಿಯೋದಲ್ಲಿ ವಿವರಿಸಿದರು. ತಮ್ಮ ತಂಡ ರೇಡಿಯೋದ ಮುಳ್ಳು ಚಲಿಸುವಂತೆ ಎಡದಿಂದ ಬಲಕ್ಕೆ ಆಡಲಿದೆ ಎಂದು ಅವರು ಕೇಳುಗರಿಗೆ ಹೇಳಿಕೊಡುತ್ತಿದ್ದರಂತೆ. ಎಷ್ಟು ಸರಳವಾದ ಉಪಾಯ! ಅಂಗಣವನ್ನು ಎಂದೂ ಕಾಣದ ಮನುಷ್ಯನೂ ತನ್ನ ಮುಂದಿನ ಪೆಟ್ಟಿಗೆಯನ್ನೇ ಅಂಗಣವೆಂದು ತಿಳಿದು, ಚೆಂಡು ಯಾವ ಕಡೆಗೆ ಓಡುತ್ತಿದೆ ಎಂಬುದನ್ನು ಮನಸ್ಸಿನಲ್ಲಿ ಕಾಣಬಹುದಾಗಿತ್ತು.

ಲೆಡ್‌ಫರ್ಡ್ ಅವರು ಕೆಂಟಕಿಗಾಗಿ ವಿವರಿಸಿದ ಕೊನೆಯ ಪಂದ್ಯ ನಡೆದದ್ದು 1992ರ ಮಾರ್ಚ್ 28ರಂದು, ಫಿಲಡೆಲ್ಫಿಯಾದಲ್ಲಿ. ಎದುರಾಳಿ ಡ್ಯೂಕ್ ವಿಶ್ವವಿದ್ಯಾಲಯ. ಹೆಚ್ಚುವರಿ ಅವಧಿಯಲ್ಲಿ ಇನ್ನು 2.1 ಸೆಕೆಂಡು ಉಳಿದಿದ್ದಾಗ ಕೆಂಟಕಿ ಒಂದು ಅಂಕ ಮುಂದಿತ್ತು. ಅಷ್ಟರಲ್ಲಿಯೇ ಡ್ಯೂಕ್ ತಂಡದ ಗ್ರಾಂಟ್ ಹಿಲ್ ಚೆಂಡನ್ನು ಅಂಗಣದ ಆಚೆಯ ತುದಿಗೆ ಎಸೆದರು. ಕ್ರಿಶ್ಚಿಯನ್ ಲೇಟ್ನರ್ ಅದನ್ನು ಹಿಡಿದು ತಿರುಗಿ ಬುಟ್ಟಿಗೆ ಹಾಕಿದರು. 104-103. ಕೆಂಟಕಿ ಸೋತಿತು. ಆದರೆ ನಾವು ನೆನಪಿಡಬೇಕಾದದ್ದು ಅದರ ನಂತರ ನಡೆದದ್ದು. ಗೆದ್ದ ತಂಡದ ತರಬೇತುದಾರ ಮೈಕ್ ಶಶೆಫ್ಸ್ಕಿ ಅವರು ನೇರವಾಗಿ ಲೆಡ್‌ಫರ್ಡ್ ಅವರ ಮೇಜಿನ ಬಳಿಗೆ ಬಂದು, ಸೋತ ತಂಡದ ಆಟಗಾರರ ಹೋರಾಟವನ್ನು ಅದೇ ರೇಡಿಯೋದಲ್ಲಿ ಕೊಂಡಾಡಿದರು. ಮನೆಯಲ್ಲಿ ಕುಳಿತು ದುಃಖಿಸುತ್ತಿರುವ ಕೆಂಟಕಿಯ ಜನರಿಗೆ ಈ ಮಾತು ತಲುಪಬೇಕಾದರೆ ಆ ಮೈಕಿನ ಮುಂದೆಯೇ ನಿಲ್ಲಬೇಕೆಂಬುದು ಅವರಿಗೆ ತಿಳಿದಿತ್ತು.

ನಮ್ಮ ದೇಶಕ್ಕೂ ಈ ಸುಖ ಹೊಸದಲ್ಲ. 1975ರ ಮಾರ್ಚ್ 15ರಂದು ಕೌಲಾಲಂಪುರದಲ್ಲಿ ಭಾರತ ಪಾಕಿಸ್ತಾನವನ್ನು 2-1ರಿಂದ ಸೋಲಿಸಿ ಹಾಕಿ ವಿಶ್ವಕಪ್ ಗೆದ್ದಾಗ, ಆ ಆಟವನ್ನು ಜಸದೇವ್ ಸಿಂಗ್ ಅವರ ಧ್ವನಿಯಲ್ಲಿಯೇ ‘ನೋಡಿದ’ ಹಿರಿಯರು ಊರೂರಲ್ಲಿ ಇದ್ದಾರೆ. 1983ರ ಜೂನ್ 18ರಂದು ಜಿಂಬಾಬ್ವೆಯ ವಿರುದ್ಧ ಭಾರತ 17 ರನ್ನಿಗೆ 5 ವಿಕೆಟ್ ಕಳೆದುಕೊಂಡಿದ್ದಾಗ ಕಪಿಲ್ ದೇವ್ ಹೊಡೆದ ಅಜೇಯ 175 ರನ್ನುಗಳ ಆಟಕ್ಕೆ ಟಿ.ವಿ. ಚಿತ್ರವೇ ಇಲ್ಲ. ಆದರೂ ಆ ಆಟ ಸಾಯಲಿಲ್ಲ. ಕಂಡವರ ಮಾತಿನಿಂದ ಬದುಕಿ ಉಳಿದಿದೆ.

ಹಾಗಾದರೆ ಪ್ರಶ್ನೆ ಇಷ್ಟೇ. ದೇಶದ ತಂಡಕ್ಕೆ ವಿವರಣೆ ಇದೆ; ನಮ್ಮ ಮಕ್ಕಳ ತಂಡಕ್ಕೆ ಏಕಿರಬಾರದು? ಅದೂ ನಮ್ಮ ಕನ್ನಡದಲ್ಲಿ ಏಕಿರಬಾರದು?

ಇಲ್ಲಿ ಭಾಷೆಯ ಮಾತೂ ಬರುತ್ತದೆ. ನಮ್ಮ ವಿದ್ಯಾರ್ಥಿಗಳು ಮನೆಯಲ್ಲಿ ಕನ್ನಡ, ಓಣಿಯಲ್ಲಿ ಕೊಂಕಣಿ, ಪೇಟೆಯಲ್ಲಿ ಹಿಂದಿ ಆಡುತ್ತಾರೆ. ಇದು ಒಳ್ಳೆಯದೇ. ಆದರೆ ಕನ್ನಡ ಬರೀ ಊಟಕ್ಕೆ ಕರೆಯುವ, ನೀರು ತರಲು ಹೇಳುವ ಭಾಷೆಯಾಗಿ ಉಳಿದರೆ ಅದು ಸೊರಗುತ್ತದೆ. ವೀಕ್ಷಕ ವಿವರಣೆ ಭಾಷೆಗೆ ಒಳ್ಳೆಯ ವ್ಯಾಯಾಮ. ಚೆಂಡು ಯಾರ ಕೈಯಲ್ಲಿದೆ, ಅಂಗಣದ ಯಾವ ಮೂಲೆಯಲ್ಲಿದೆ, ಎಷ್ಟು ಸಮಯ ಉಳಿದಿದೆ, ಅಂಕ ಎಷ್ಟು, ಈ ನಾಲ್ಕನ್ನೂ ಓಡುವ ಆಟದೊಡನೆ ಓಡುತ್ತಲೇ ಹೇಳಬೇಕು. ಕಬಡ್ಡಿಯಲ್ಲಿ ಒಂದು ದಾಳಿಗೆ 30 ಸೆಕೆಂಡು. ಅಷ್ಟರೊಳಗೆ ದಾಳಿಗಾರ ಎಲ್ಲಿ ಹೆಜ್ಜೆ ಇಟ್ಟ, ಯಾರನ್ನು ಮುಟ್ಟಿದ, ಯಾರು ಕಾಲು ಹಿಡಿದರು ಎಂದು ತಪ್ಪಿಲ್ಲದೆ ಹೇಳಬಲ್ಲ ಹುಡುಗ ನಾಳೆ ಸಭೆಯಲ್ಲಿ ನಿಂತು ಮಾತನಾಡಲು ಅಂಜಲಾರ. ಕಂಡದ್ದನ್ನು ಕಂಡಂತೆ ಹೇಳುವುದೂ ಒಂದು ಶಿಸ್ತು; ನಮ್ಮವನೆಂದು ಹೊಗಳದೆ, ಎದುರಾಳಿಯೆಂದು ಹಳಿಯದೆ ಹೇಳುವುದು ಇನ್ನೂ ದೊಡ್ಡ ಶಿಸ್ತು.

ಕೆಲವು ಪಾಲಕರು ಆಕ್ಷೇಪಿಸಬಹುದು. ‘ಓದುವ ಹುಡುಗರಿಗೆ ಇದೆಲ್ಲ ಏತಕ್ಕೆ? ಈಗ ಎಲ್ಲರ ಕೈಯಲ್ಲಿ ಮೊಬೈಲ್ ಇದೆ, ಬೇಕಾದ ಆಟದ ಚಿತ್ರ ಸಿಗುತ್ತದೆ’ ಎನ್ನಬಹುದು. ಮೊದಲನೆಯದಕ್ಕೆ ನಮ್ಮ ಉತ್ತರವನ್ನು ಮೇಲೆಯೇ ಹೇಳಿದ್ದೇವೆ: ಇದೂ ಓದೇ. ಎರಡನೆಯ ಮಾತು ಸತ್ಯ. ಆದರೆ ಚಿತ್ರ ಕಣ್ಣನ್ನು ಕೇಳುತ್ತದೆ. ಸಾರುವೆಯ ಮೇಲೆ ನಿಂತ ಗೌಂಡಿ, ಒಲೆಯ ಮುಂದಿರುವ ತಾಯಿ, ಗಿರಾಕಿಗೆ ತೂಗಿ ಕೊಡುತ್ತಿರುವ ವ್ಯಾಪಾರಿ ಕಣ್ಣನ್ನು ಕೊಡಲಾರರು. ಕಿವಿಯನ್ನು ಕೊಡಬಲ್ಲರು. ದೃಷ್ಟಿ ಇಲ್ಲದವರಿಗಂತೂ ಮಾತೇ ಮೈದಾನ. ಮೇಲಾಗಿ ಜಗತ್ತಿನ ಎಲ್ಲ ಆಟದ ಚಿತ್ರ ಸಿಕ್ಕರೂ ನಮ್ಮ ಎಂಟನೆಯ ತರಗತಿಯ ಹುಡುಗಿಯರ ಖೋಖೋ ಅದರಲ್ಲಿ ಸಿಗುವುದಿಲ್ಲ.

ಇದು ಆಗದ ಕೆಲಸವೂ ಅಲ್ಲ. ಶಿಕ್ಷಣ ಸಂಸ್ಥೆಗಳು ತಮ್ಮದೇ ರೇಡಿಯೋ ನಡೆಸಲು ಭಾರತ ಸರಕಾರ 2002ರಲ್ಲಿ ಒಪ್ಪಿತು. 2004ರಲ್ಲಿ ಚೆನ್ನೈಯ ಅಣ್ಣಾ ವಿಶ್ವವಿದ್ಯಾಲಯ ಅದನ್ನು ಮಾಡಿ ತೋರಿಸಿತು. ಮಂಗಳೂರಿನ ಸಂತ ಅಲೋಶಿಯಸ್ ಕಾಲೇಜು ಆರಂಭಿಸಿದ ರೇಡಿಯೋ ಸಾರಂಗ್, ಕನ್ನಡದ ಜೊತೆಗೆ ತುಳು, ಕೊಂಕಣಿ, ಬ್ಯಾರಿ ಭಾಷೆಗಳ ಕಾರ್ಯಕ್ರಮಗಳಿಗೂ ಸ್ಥಳ ಕೊಟ್ಟಿತು. 2011ರ ಖಾಸಗಿ ಎಫ್.ಎಂ. ನೀತಿಯಲ್ಲಿ ಸ್ಥಳೀಯ ಆಟಗಳ ನೇರ ವಿವರಣೆಗೆ ಅವಕಾಶವಿದೆ. ಗೋವೆಯ ಕಾಲೇಜುಗಳೂ ಬಾನುಲಿ ಕೇಂದ್ರಗಳೂ ಶಾಲಾ ಕಾಲೇಜುಗಳ ಪಂದ್ಯಗಳಿಗೆ ವಾರಕ್ಕೆ ಒಂದು ಗಂಟೆಯನ್ನಾದರೂ ಕೊಡಬೇಕು, ಅದರಲ್ಲಿ ಇಲ್ಲಿ ದುಡಿಯುವ ಜನರ ಭಾಷೆಗಳಿಗೂ ಪಾಲಿರಬೇಕು ಎಂಬುದು ನಮ್ಮ ಆಗ್ರಹ.

ಅಲ್ಲಿಯವರೆಗೆ ನಾವು ಸುಮ್ಮನೆ ಕೂಡಬೇಕಾಗಿಲ್ಲ. ಮುಂದಿನ ವರ್ಷ ಪ್ರತಿ ತಂಡದೊಡನೆ ಇಬ್ಬರು ವಿವರಣೆಗಾರರನ್ನೂ ಆರಿಸೋಣ. ಒಬ್ಬರು ಆಟವನ್ನು ಹೇಳಲಿ. ಇನ್ನೊಬ್ಬರು ಅಂಕವನ್ನೂ ಆಟಗಾರರ ಹೆಸರನ್ನೂ ಬರೆದು ಕೊಡಲಿ. ಶಿಕ್ಷಕರ ಮೊಬೈಲಿನಲ್ಲಿ ಧ್ವನಿ ಮುದ್ರಿಸಿ ಅಂದೇ ಪಾಲಕರಿಗೆ ಕಳುಹಿಸೋಣ. ಇದಕ್ಕೆ ಖರ್ಚಿಲ್ಲ, ಬೇಕಾದದ್ದು ಅಭ್ಯಾಸ. ಪಾಲಕರಲ್ಲಿ ನಮ್ಮ ವಿನಂತಿ ಒಂದೇ: ಕಳುಹಿಸಿದ್ದನ್ನು ಕೆಲಸ ಮಾಡುತ್ತಲೇ ಆದರೂ ಪೂರ್ತಿ ಕೇಳಿರಿ. ಆಗ ಸಂಜೆ ಮನೆಯಲ್ಲಿ ‘ಏನಾತು?’ ಎಂಬ ಪ್ರಶ್ನೆಯ ಬದಲು ‘ಆ ಕೊನೇ ಸುತ್ತಿನ್ಯಾಗ ನೀ ಹೆಂಗ ತಪ್ಪಿಸ್ಕೊಂಡಿ?’ ಎಂಬ ಪ್ರಶ್ನೆ ಬಂದೀತು. ಅಂಥ ಪ್ರಶ್ನೆ ಕೇಳುವ ಪಾಲಕರಿರುವ ಮಗು ಸೋತು ಬಂದರೂ ಕುಗ್ಗುವುದಿಲ್ಲವೆಂದು ನಾವು ನಂಬಿದ್ದೇವೆ.