ಬಾಲ ಅಲ್ಲಾಡಿಸಿದರೆ ಸ್ನೇಹವೇ?

ನಮ್ಮ ಬೀದಿಯ ನಾಯಿ ಕೆಂಚ ಪಕ್ಕದ ಮನೆಯ ಆರು ವರ್ಷದ ಹುಡುಗನ ಕೈ ಕಚ್ಚಿತು. 'ಬಾಲ ಅಲ್ಲಾಡಿಸ್ತಾ ಇತ್ತಕ್ಕಾ, ಇದ್ದಕ್ಕಿದ್ದಂಗೆ ಕಚ್ಚಿಬಿಡ್ತು' ಎಂದು ಅಳುತ್ತಾ ಹೇಳಿದ. ಗೇಟಿನ ಬಳಿಯಿದ್ದ ನಾನೂ ನೋಡಿದ್ದೆ. ಬಿಸ್ಕತ್ತು ಕೊಟ್ಟು ಅವನು ಕತ್ತು ತಬ್ಬಿಕೊಂಡಾಗ ಕೆಂಚ ಮುಖ ತಿರುಗಿಸಿತ್ತು, ಎರಡು ಸಲ ಮೂತಿ ನೆಕ್ಕಿಕೊಂಡಿತ್ತು. ಕಣ್ಣಿನ ಬಿಳಿ ಕಾಣುತ್ತಿತ್ತು. ಬಾಲ ಆಡುತ್ತಿದ್ದುದು ನಿಜ, ಆದರೆ ಮೇಲೆದ್ದು, ಬಿಗಿಯಾಗಿ. 'ಸಾಕು, ಬಿಡು' ಎಂದು ಅದು ಹೇಳುತ್ತಲೇ ಇತ್ತು. ಆ ಭಾಷೆ ನನಗೆ ಅರ್ಥವಾಗಿರಲಿಲ್ಲ.

ಗಾಯವನ್ನು ಸೋಪು, ನೀರಿನಿಂದ ಹದಿನೈದು ನಿಮಿಷ ತೊಳೆದು ಆಸ್ಪತ್ರೆಗೆ ಕರೆದೊಯ್ದೆವು. ಲಸಿಕೆಯ ಎಲ್ಲ ಡೋಸ್‌ಗಳನ್ನೂ ಹಾಕಿಸಿದರು. ರೇಬಿಸ್ ಲಕ್ಷಣ ಕಾಣಿಸಿಕೊಂಡ ಮೇಲೆ ಬದುಕುಳಿಯುವುದು ಹೆಚ್ಚುಕಡಿಮೆ ಅಸಾಧ್ಯ. ಹಾಗಾಗಿ ಇದರಲ್ಲಿ ಉದಾಸೀನ ಸಲ್ಲದು.

ಬೀದಿಯಲ್ಲಿ ಎರಡು ಗುಂಪುಗಳಾದವು. 'ಹಿಡಿಸಿ ಸಾಗಿಸಿ' ಎಂದು ಕೆಲವರು, 'ಪಾಪ, ಮೂಕ ಪ್ರಾಣಿ' ಎಂದು ಇನ್ನು ಕೆಲವರು. ದೇಶದಲ್ಲಿ ನಡೆದಿರುವುದೂ ಇದೇ ಜಗಳ. 2025ರ ಆಗಸ್ಟ್ 11ರಂದು ಸುಪ್ರೀಂ ಕೋರ್ಟ್, ದೆಹಲಿ ಸುತ್ತಮುತ್ತಲಿನ ಬೀದಿನಾಯಿಗಳನ್ನೆಲ್ಲ ಆಶ್ರಯತಾಣಗಳಿಗೆ ಸೇರಿಸಲು ಹೇಳಿತು. ಆಗಸ್ಟ್ 22ರಂದು ಮೂವರು ನ್ಯಾಯಮೂರ್ತಿಗಳ ಪೀಠ ಅದನ್ನು ಮಾರ್ಪಡಿಸಿತು: ಸಂತಾನಹರಣ ಚಿಕಿತ್ಸೆ, ಲಸಿಕೆ ಆದ ನಾಯಿಗಳನ್ನು ಅದೇ ಜಾಗಕ್ಕೆ ಬಿಡಬೇಕು, ರೇಬಿಸ್ ಇರುವ, ಶಂಕಿತ ಹಾಗೂ ಆಕ್ರಮಣಕಾರಿ ನಾಯಿಗಳನ್ನು ಬಿಡಬಾರದು. ನವೆಂಬರ್ 7ರಂದು ಶಾಲೆ, ಆಸ್ಪತ್ರೆ, ಬಸ್ ಮತ್ತು ರೈಲು ನಿಲ್ದಾಣಗಳಿಂದ ನಾಯಿಗಳನ್ನು ತೆರವು ಮಾಡಲು ಆದೇಶಿಸಿತು.

ನನ್ನನ್ನು ಕಾಡುವುದು 'ಆಕ್ರಮಣಕಾರಿ' ಎಂಬ ಪದ. ಕೆಂಚ ಆಕ್ರಮಣಕಾರಿಯೇ ಅಥವಾ ಹೆದರಿದ ನಾಯಿಯೇ? ಹೆದರಿದ ನಾಯಿಯೂ ತಪ್ಪಿಸಿಕೊಳ್ಳಲು ದಾರಿ ಸಿಗದಿದ್ದರೆ ಕಚ್ಚುತ್ತದೆ. ನಾಯಿಯ ಮೈಭಾಷೆ ಓದಲು ಬಾರದವರು ದೂರು ಕೊಟ್ಟು, ಓದಲು ಬಾರದವರೇ ತೀರ್ಮಾನಿಸಿದರೆ ನಿಜವಾಗಿ ಅಪಾಯಕಾರಿಯಾದ ನಾಯಿ ಬೀದಿಯಲ್ಲೇ ಉಳಿದು, ಹೆದರಿದ ನಾಯಿ ಬೋನು ಸೇರಬಹುದು.

ಬಾಲವೊಂದನ್ನೇ ನಂಬುವಂತಿಲ್ಲ. ಇಟಲಿಯ ವಿಜ್ಞಾನಿಗಳು 2007ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಒಡೆಯನನ್ನು ಕಂಡ ನಾಯಿಗಳ ಬಾಲ ಹೆಚ್ಚಾಗಿ ಬಲಕ್ಕೆ, ಅಪರಿಚಿತ ದರ್ಪದ ನಾಯಿಯನ್ನು ಕಂಡಾಗ ಎಡಕ್ಕೆ ಆಡಿತ್ತು. ನಾವು ಅಷ್ಟು ಸೂಕ್ಷ್ಮವಾಗಿ ಅಳೆಯಬೇಕಿಲ್ಲ. ಇಡೀ ಮೈ ನೋಡಿದರೆ ಸಾಕು. ಮೈ ಸಡಿಲವಾಗಿ ಬಳುಕುತ್ತಿದ್ದರೆ ನಾಯಿ ನಿರಾಳವಾಗಿದೆ. ಬಾಲ ಕಾಲ ಸಂದಿಗೆ ಸೇರಿದ್ದರೆ, ಕಿವಿ ಹಿಂದಕ್ಕೆ ಒತ್ತಿದ್ದರೆ ಹೆದರಿದೆ. ಮೈ ಸೆಟೆದು, ದಿಟ್ಟಿಸಿ ನೋಡುತ್ತಿದ್ದರೆ ಓಡದೆ, ಕಣ್ಣಿಗೆ ಕಣ್ಣು ಕೊಡದೆ, ನಿಧಾನವಾಗಿ ಹಿಂದೆ ಸರಿಯಬೇಕು.

ಇದರಿಂದಲೇ ಸಮಸ್ಯೆ ಬಗೆಹರಿಯದು. ರಾತ್ರಿ ಬೈಕಿನ ಹಿಂದೆ ಅಟ್ಟಿಸಿಕೊಂಡು ಬರುವ ಹಿಂಡಿಗೆ ಸಂತಾನಹರಣ ಚಿಕಿತ್ಸೆ, ಲಸಿಕೆ, ಕಸದ ವಿಲೇವಾರಿ ಆಗಲೇಬೇಕು. 2023ರ ಸಮೀಕ್ಷೆಯಂತೆ ಬೆಂಗಳೂರೊಂದರಲ್ಲೇ ಸುಮಾರು 2.79 ಲಕ್ಷ ಬೀದಿನಾಯಿಗಳಿದ್ದವು. ಅವೆಲ್ಲ ನಾಳೆಯೇ ಮಾಯವಾಗುವುದಿಲ್ಲ. ಅಲ್ಲಿಯವರೆಗೆ ಮಕ್ಕಳು ಅವುಗಳ ನಡುವೆಯೇ ಶಾಲೆಗೆ ಹೋಗಬೇಕು. ರಸ್ತೆ ದಾಟುವುದನ್ನು ಕಲಿಸುವ ಶಾಲೆಗಳು ಇದನ್ನೂ ಒಂದು ಪೀರಿಯಡ್‌ನಲ್ಲಿ ಕಲಿಸಬಹುದಲ್ಲವೇ?

ಚಿಕಿತ್ಸೆಯಾದ ಗುರುತಿಗೆ ಕಿವಿತುದಿ ಕತ್ತರಿಸಿರುವ ಕೆಂಚ ಇನ್ನೂ ಬೀದಿಯಲ್ಲೇ ಇದೆ. ಮೊನ್ನೆ ಹುಡುಗ ದೂರದಲ್ಲೇ ನಿಂತು, 'ಅಕ್ಕಾ, ಮೂತಿ ನೆಕ್ಕೊಳ್ತಾ ಇದೆ, ಈಗ ಹತ್ರ ಹೋಗಲ್ಲ' ಎಂದ.